ಕೊಟ್ಟಿಗೆಗೆ ಬಂದ ಕಾಳಿಂಗವನ್ನು ಎಲ್ಲಿಗೆ ಬಿಡಬೇಕು?

ಮಲೆನಾಡಿನ ಮನೆಯೊಂದರ ಕೊಟ್ಟಿಗೆಯಲ್ಲಿ ಹತ್ತು ಹನ್ನೆರಡು ಅಡಿಯ ಕಾಳಿಂಗ ಸರ್ಪ ಕಂಡರೆ ಮುಂದೇನು? ಮನೆಯವರಿಗೆ ಅದು ಆದಷ್ಟು ದೂರ ಹೋಗಬೇಕು. ಹಿಡಿಯಲು ಬಂದವರು ದಟ್ಟ ಕಾಡಿಗೆ ಬಿಡುತ್ತೇವೆ ಅನ್ನುತ್ತಾರೆ. ಸಂಶೋಧಕರು ಮಾತ್ರ ಹಿಡಿಯುವುದೇ ಬೇಡ, ಸ್ವಲ್ಪ ಕಾಯಿರಿ ಅನ್ನುತ್ತಾರೆ. ಎಲ್ಲರಿಗೂ ಹಾವು ಉಳಿಯಬೇಕು ಅಂತಲೇ ಇದೆ. ಆದರೂ ಮಾತು ಒಂದಾಗುವುದಿಲ್ಲ.

ಈ ಭಿನ್ನಾಭಿಪ್ರಾಯದ ಬೇರು ಹಾವಿನ ಚರ್ಮ ಲಕ್ಷಗಟ್ಟಲೆ ಹೊರದೇಶಕ್ಕೆ ಹೋಗುತ್ತಿದ್ದ ಕಾಲದಲ್ಲಿದೆ. 1972ರಲ್ಲಿ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂತು. ಆ ಹೊತ್ತಿಗೆ ಮದ್ರಾಸಿನಲ್ಲಿ ಹಾವಿನ ಪಾರ್ಕ್ ಕಟ್ಟಿ, 1976ರಲ್ಲಿ ಮೊಸಳೆಗಳನ್ನು ಸಾಕಿ ಉಳಿಸುವ ಮೊಸಳೆ ಬ್ಯಾಂಕನ್ನೂ ಶುರು ಮಾಡಿದವರು ರೊಮುಲಸ್ ವಿಟೇಕರ್. ನ್ಯೂಯಾರ್ಕಿನಲ್ಲಿ ಹುಟ್ಟಿ, ಬಾಲ್ಯದಲ್ಲೇ ಭಾರತಕ್ಕೆ ಬಂದವರು. 1971ರಲ್ಲಿ ಆಗುಂಬೆಯಲ್ಲಿ ಕಂಡ ಕಾಳಿಂಗ ಅವರನ್ನು ಬಿಡಲೇ ಇಲ್ಲ. ಮುಂದೆ ಈ ಹಾವಿನ ಮೇಲೆ ಮಾಡಿದ ಚಿತ್ರಕ್ಕೆ ಅಮೆರಿಕದ ಟಿವಿ ಪ್ರಶಸ್ತಿಯಾದ ಎಮ್ಮಿ ಬಂತು. 2005ರಲ್ಲಿ ಅದೇ ಆಗುಂಬೆಯಲ್ಲಿ ಮಳೆಕಾಡು ಸಂಶೋಧನಾ ಕೇಂದ್ರ ಶುರುವಾಯಿತು.

ಅಲ್ಲಿಯವರೆಗೆ ಹಾವನ್ನು ಹಿಡಿದು ದೂರ ಬಿಟ್ಟರೆ ಕೆಲಸ ಮುಗಿಯಿತು ಅನ್ನುವ ನಂಬಿಕೆ ಇತ್ತು. ಹಾವನ್ನು ಹೊಡೆದು ಕೊಲ್ಲುವುದಕ್ಕಿಂತ ಅದು ಎಷ್ಟೋ ಮೇಲು, ಅಲ್ವಾ? ಆದರೆ ಬಿಟ್ಟ ಮೇಲೆ ಕಾಳಿಂಗಕ್ಕೆ ಏನಾಗುತ್ತದೆ ಅಂತ ಯಾರೂ ಹಿಂದೆ ಹೋಗಿ ನೋಡಿರಲಿಲ್ಲ.

2008ರಲ್ಲಿ ಆಗುಂಬೆಯ ಕೇಂದ್ರದವರು ನೋಡಲು ಶುರು ಮಾಡಿದರು. ಹಾವಿನ ಮೈಯೊಳಗೆ ಪುಟ್ಟ ರೇಡಿಯೋ ಟ್ರಾನ್ಸ್‌ಮಿಟರ್ ಇಟ್ಟು, ಆಂಟೆನಾ ಹಿಡಿದು ದಿನವೂ ಅದರ ಹಿಂದೆ ನಡೆದರು. ಕಾಡು, ಗದ್ದೆ, ಅಡಿಕೆ ತೋಟ, ಮನೆಯ ಹಿತ್ತಲು, ಎಲ್ಲವೂ ಅದರ ಓಡಾಟದ ಜಾಗವೇ. ತನ್ನ ಜಾಗದಲ್ಲೇ ಇದ್ದ ಹಾವಿಗೆ ಬಿಲ, ನೀರು, ಬೇಟೆಯ ದಾರಿ ಗೊತ್ತು. ದೂರ ಒಯ್ದು ಬಿಟ್ಟ ಹಾವು ಒಂದು ಕಡೆ ನಿಲ್ಲದೆ ಅಲೆಯುತ್ತಲೇ ಇತ್ತು. ಅಂಥ ಅಲೆದಾಟದಲ್ಲಿ ರಸ್ತೆ, ಅಪರಿಚಿತ ಊರು, ಬೇರೆ ಗಂಡು ಹಾವು ಎಲ್ಲವೂ ಎದುರಾಗುತ್ತವೆ. ಕಾಪಾಡಿದೆವು ಅಂದುಕೊಂಡ ಹಾವಿಗೆ ನಾವು ಕೊಟ್ಟದ್ದು ಇದು.

ಕಾಳಿಂಗ ಸುಮ್ನೆ ಮನೆಯ ಹತ್ತಿರ ಬರುವುದಿಲ್ಲ. ಅದರ ಆಹಾರ ಬೇರೆ ಹಾವುಗಳು. ಇಲಿ ಇದ್ದಲ್ಲಿ ಕೇರೆ ಹಾವು, ಕೇರೆ ಇದ್ದಲ್ಲಿ ಕಾಳಿಂಗ. ಮಾರ್ಚ್, ಏಪ್ರಿಲ್‌ನಲ್ಲಿ ಹೆಣ್ಣಿನ ವಾಸನೆ ಹಿಡಿದು ಗಂಡುಗಳು ಬರುತ್ತವೆ. ಆಮೇಲೆ ಹೆಣ್ಣು ತನ್ನ ಮೈಯನ್ನೇ ಬಳಸಿ ಒಣಗಿದ ಎಲೆಗಳನ್ನು ಎಳೆದು ಗುಡ್ಡೆ ಹಾಕಿ ಗೂಡು ಕಟ್ಟುತ್ತದೆ. ಹೀಗೆ ಗೂಡು ಕಟ್ಟುವ ಹಾವು ಬೇರೆ ಇಲ್ಲ. ಮಳೆಗಾಲದ ಆ ಸುರಿತದಲ್ಲೂ ಒಳಗಿನ ಮೊಟ್ಟೆ ನೆನೆಯುವುದಿಲ್ಲ. ಅಂಥ ತಾಯಿಯನ್ನು ಹಿಡಿದು ಒಯ್ದರೆ ಗೂಡಿಗೆ ಕಾವಲಿಲ್ಲ.

ಜನರ ಭಯವೂ ಸುಳ್ಳಲ್ಲ. ನಮ್ಮಲ್ಲಿ ಸಿಗುವ ಪ್ರತಿವಿಷ ನಾಗರಹಾವು, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲಗಳಿಗೆ ಮಾಡಿದ್ದು. ಕಾಳಿಂಗಕ್ಕೆಂದೇ ಮಾಡಿದ್ದಲ್ಲ. ಈ ಭಯದ ಜೊತೆಗೇ ಹೆಡೆ ಎತ್ತಿದ ಹಾವನ್ನು ಕೈಯಲ್ಲಿ ಹಿಡಿದ ವಿಡಿಯೋಗಳು ಜಾಸ್ತಿಯಾದವು. ಗೂಡು ಕಾಯುವ ತಾಯಿಯ ತಾಳ್ಮೆ ಅವುಗಳಲ್ಲಿ ಕಾಣುವುದಿಲ್ಲ.

2024ರಲ್ಲಿ ಇನ್ನೊಂದು ಸಂಗತಿ ಸೇರಿತು. ಒಂದೇ ಜಾತಿ ಅಂದುಕೊಂಡಿದ್ದ ಹಾವನ್ನು ಸಂಶೋಧಕರು ನಾಲ್ಕಾಗಿ ವಿಂಗಡಿಸಿದರು. ಪಶ್ಚಿಮ ಘಟ್ಟದ್ದಕ್ಕೆ ನಮ್ಮ ಮಾತಿನ ಹೆಸರೇ ಸಿಕ್ಕಿತು: ಒಫಿಯೋಫೇಗಸ್ ಕಾಳಿಂಗ. ಅಂದರೆ ಇದು ಬೇರೆಲ್ಲೂ ಇಲ್ಲದ ಹಾವು.

ಈಗ ಆಗುಂಬೆಯ ಕಡೆ ಮೊದಲು ಹೇಳುವ ಮಾತು, ದೂರ ನಿಲ್ಲಿ, ನಾಯಿಯನ್ನು ಕಟ್ಟಿ, ಹಾವಿಗೆ ದಾರಿ ಬಿಡಿ ಅಂತ. ಹಿಡಿಯಲೇಬೇಕಾದರೆ ಹತ್ತಿರದಲ್ಲೇ ಬಿಡುತ್ತಾರೆ.