ಬಿ ಖಾತಾ ಹುಟ್ಟಿದ್ದು ಹೇಗೆ?

ಬೆಂಗಳೂರಿನ ಹೊರವಲಯದಲ್ಲಿ ಸೈಟು ಹುಡುಕುವವರು ಮೊದಲು ಕೇಳುವ ಪ್ರಶ್ನೆಗಳಲ್ಲಿ ಇದೊಂದು: 'ಎ ಖಾತಾನಾ, ಬಿ ಖಾತಾನಾ?' ಖಾತಾ ಅಂದರೆ ಆಸ್ತಿ ತೆರಿಗೆಗಾಗಿ ಪಾಲಿಕೆ ಇಡುವ ದಾಖಲೆ; ಸಕ್ರಮ ಆಸ್ತಿಗೆ ಎ, ಸಕ್ರಮವಲ್ಲದ್ದಕ್ಕೆ ಬಿ. ಬಿ ಅಂದರೆ ರೇಟು ಇಳಿಯುತ್ತದೆ. ಬ್ಯಾಂಕಿನವರು ಸಾಲ ಕೊಡಲು ಹಿಂದೆಮುಂದೆ ನೋಡುತ್ತಾರೆ. ಮನೆ ಕಟ್ಟಲು ನಕ್ಷೆ ಮಂಜೂರಾಗುವುದು ಕಷ್ಟ. ಆದರೆ ತೆರಿಗೆ ಮಾತ್ರ ಎಲ್ಲರಂತೆ ವರ್ಷ ವರ್ಷ ಕಟ್ಟಬೇಕು. ಲಕ್ಷಾಂತರ ಕುಟುಂಬಗಳು ಈ ಸ್ಥಿತಿಗೆ ಬಂದಿದ್ದು ಒಂದೇ ದಿನದಲ್ಲಿ ಅಲ್ಲ.

ಮೊದಲು ಬಡಾವಣೆ ಮಾಡುವುದು ಸರ್ಕಾರದ ಕೆಲಸವಾಗಿತ್ತು. 1898ರ ಪ್ಲೇಗಿನ ನಂತರ ಮಲ್ಲೇಶ್ವರ, ಬಸವನಗುಡಿ ಬೆಳೆದವು. 1945ರಲ್ಲಿ ನಗರಾಭಿವೃದ್ಧಿ ಟ್ರಸ್ಟ್ ಮಂಡಳಿ ಬಂತು. ಜಯನಗರದಂಥ ಬಡಾವಣೆಗಳು ಆ ಕಾಲದವು. 1976ರಲ್ಲಿ ಅದರ ಜಾಗಕ್ಕೆ ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರ, ಅಂದರೆ ಬಿಡಿಎ ಬಂತು. ಅರ್ಜಿ ಹಾಕಿ, ಕಾದು, ಸೈಟು ಪಡೆದ ಒಂದು ತಲೆಮಾರೇ ಇದೆ.

ಆಮೇಲೆ ಊರು ಓಡಿತು, ಬಿಡಿಎ ಹಿಂದೆ ಉಳಿಯಿತು. 2001ರಲ್ಲಿ ಸುಮಾರು 57 ಲಕ್ಷ ಇದ್ದ ಜನಸಂಖ್ಯೆ 2011ಕ್ಕೆ 85 ಲಕ್ಷ ಮುಟ್ಟಿತು. ಇದೇ ಹೊತ್ತಿನಲ್ಲಿ ಅರ್ಕಾವತಿ ಬಡಾವಣೆಗೆ 2,750 ಎಕರೆ ಗುರುತಿಸಿದರು. ಅದು ಕೋರ್ಟು, ಡಿನೋಟಿಫಿಕೇಷನ್ (ಗುರುತಿಸಿದ ಜಮೀನನ್ನು ಸ್ವಾಧೀನದಿಂದ ಕೈಬಿಡುವುದು) ಅಂತ ವರ್ಷಗಟ್ಟಲೆ ಎಳೆಯಿತು. ಬಾಡಿಗೆ ಮನೆಯಲ್ಲಿ ಮಕ್ಕಳನ್ನು ಸಾಕುತ್ತಿದ್ದವರು ಎಷ್ಟು ದಿನ ಕಾಯಬೇಕು ಹೇಳಿ?

ಆ ಜಾಗ ತುಂಬಿದ್ದು ರೆವಿನ್ಯೂ ಸೈಟು, ಅಂದರೆ ಕೃಷಿ ಜಮೀನನ್ನು ಲೇಔಟ್ ಮಂಜೂರಾತಿ ಇಲ್ಲದೆ ತುಂಡು ಮಾಡಿ ಮಾರಿದ ಸೈಟು. ಇದರ ಲೆಕ್ಕ ನೋಡಿದರೆ ಎಲ್ಲ ಅರ್ಥವಾಗುತ್ತದೆ. ಒಂದು ಎಕರೆ ಅಂದರೆ 43,560 ಚದರ ಅಡಿ. ನಿಯಮದ ಪ್ರಕಾರ ಲೇಔಟ್ ಮಾಡಿದರೆ ರಸ್ತೆ, ಪಾರ್ಕು, ಶಾಲೆ, ಆಸ್ಪತ್ರೆಗೆಲ್ಲ ಜಾಗ ಬಿಡಬೇಕು. ಬಿಡಿಎ ತನ್ನ ಬಡಾವಣೆಯಲ್ಲಿ ಪಾರ್ಕು, ಆಟದ ಮೈದಾನಕ್ಕೇ 15 ಪರ್ಸೆಂಟ್, ನಾಗರಿಕ ಸೌಲಭ್ಯಕ್ಕೆ ಇನ್ನೂ 10 ಪರ್ಸೆಂಟ್ ಮೀಸಲಿಡಬೇಕು ಅನ್ನುತ್ತದೆ ಕಾನೂನು. ರಸ್ತೆಯನ್ನೂ ಸೇರಿಸಿ ಅರ್ಧ ಜಾಗ ಹೋಯಿತು ಅಂದುಕೊಳ್ಳಿ. ಉಳಿದದ್ದರಲ್ಲಿ 30-40 ಅಡಿ ಅಳತೆಯ, ಅಂದರೆ 1,200 ಚದರ ಅಡಿಯ 18 ಸೈಟು ಆಗುತ್ತವೆ. ಸುಮ್ನೆ ನಡುವೆ ಒಂದು ಕಿರಿದಾದ ರಸ್ತೆ ಬಿಟ್ಟು, ಜಾಗದ ಎಂಬತ್ತು ಪರ್ಸೆಂಟ್ ಸೈಟು ಮಾಡಿದರೆ 29. ಆ ಹನ್ನೊಂದು ಸೈಟುಗಳೇ ಲೇಔಟ್ ಮಾಡಿದವನ ಲಾಭ. ಕೊಳ್ಳುವವನಿಗೂ ಬೆಲೆ ಕಡಿಮೆ. ಬಿಟ್ಟುಹೋಗಿದ್ದು ಪಾರ್ಕು, ಚರಂಡಿ, ಅಗಲ ರಸ್ತೆ.

ಇದೇನು ಕತ್ತಲಲ್ಲಿ ನಡೆದ ವ್ಯವಹಾರವಲ್ಲ. ಸಬ್‌ ರಿಜಿಸ್ಟ್ರಾರ್ ಕಚೇರಿಯಲ್ಲಿ ಸ್ಟ್ಯಾಂಪ್ ಡ್ಯೂಟಿ ಕಟ್ಟಿಸಿಕೊಂಡು ಕ್ರಯಪತ್ರ ನೋಂದಾಯಿಸಿದರು. ಲೇಔಟ್ ಮಂಜೂರು ಮಾಡುವ ಅಧಿಕಾರ ಇಲ್ಲದ ಪಂಚಾಯಿತಿಗಳೂ ಖಾತೆ ಮಾಡಿಕೊಟ್ಟವು. ಕರೆಂಟೂ ಬಂತು. ಇಷ್ಟೆಲ್ಲ ಸರ್ಕಾರಿ ಮುದ್ರೆ ನೋಡಿದ ಮೇಲೆ ಸಾಮಾನ್ಯ ಮನುಷ್ಯನಿಗೆ ಅನುಮಾನ ಬರುವುದಾದರೂ ಹೇಗೆ?

2007ರಲ್ಲಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆ, ಅಂದರೆ ಬಿಬಿಎಂಪಿ ಆಯಿತು. ಯಲಹಂಕ, ದಾಸರಹಳ್ಳಿ, ಬೊಮ್ಮನಹಳ್ಳಿ, ಮಹದೇವಪುರ ಸೇರಿ ಏಳು ನಗರಸಭೆ, ಕೆಂಗೇರಿ ಪುರಸಭೆ, ಜೊತೆಗೆ ನೂರಕ್ಕೂ ಹೆಚ್ಚು ಹಳ್ಳಿಗಳು ಒಂದೇ ಪಾಲಿಕೆಗೆ ಬಂದವು. ಆಗ ಈ ಸೈಟುಗಳೆಲ್ಲ ಪಾಲಿಕೆಯ ಮಡಿಲಿಗೆ ಬಿದ್ದವು. ಸಕ್ರಮ ಅನ್ನುವಂತಿಲ್ಲ, ತೆರಿಗೆ ಬಿಡುವಂತೆಯೂ ಇಲ್ಲ. ಅದಕ್ಕೇ ಬೇರೆ ರಿಜಿಸ್ಟರ್ ಇಟ್ಟರು. ಅದೇ ಬಿ ಖಾತಾ. ಒಂದು ಮಾತು ನೆನಪಿರಲಿ: ಎ ಇರಲಿ, ಬಿ ಇರಲಿ, ಖಾತೆ ತೆರಿಗೆಯ ದಾಖಲೆ ಅಷ್ಟೇ, ಮಾಲೀಕತ್ವದ ಪತ್ರವಲ್ಲ. ಕ್ರಯಪತ್ರ, ಮೂಲಪತ್ರ, ಇಸಿ (ಆಸ್ತಿಯ ಮೇಲಿನ ನೋಂದಾಯಿತ ವ್ಯವಹಾರ, ಋಣಭಾರ ತೋರಿಸುವ ಪತ್ರ) ನೋಡಲೇಬೇಕು.

ಸರಿಪಡಿಸುವ ಮಾತೂ ಆಗಲೇ ಶುರುವಾಗಿತ್ತು. ಅಕ್ರಮ-ಸಕ್ರಮ ಯೋಜನೆ 2007ರಲ್ಲೇ ಬಂದು, ವಿರೋಧಕ್ಕೆ ಸಿಕ್ಕಿ, 2014ರಲ್ಲಿ ಹೊಸ ನಿಯಮಗಳೊಂದಿಗೆ ಮರಳಿತು. ವಾಸದ ಮನೆಗಳಲ್ಲಿ 50 ಪರ್ಸೆಂಟ್, ವಾಣಿಜ್ಯ ಕಟ್ಟಡಗಳಲ್ಲಿ 25 ಪರ್ಸೆಂಟ್‌ವರೆಗಿನ ಕಟ್ಟಡ ನಿಯಮ ಉಲ್ಲಂಘನೆಗೆ ದಂಡ ಕಟ್ಟಿಸಿಕೊಂಡು ಒಪ್ಪುವುದು ಅದರ ಸಾರ. ಹೈಕೋರ್ಟ್ 2016ರಲ್ಲಿ ಒಪ್ಪಿತು. 2017ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ತಡೆ ಕೊಟ್ಟಿತು. ವಿರೋಧಿಸಿದವರ ವಾದದಲ್ಲೂ ಹುರುಳಿದೆ. ನಿಯಮ ಪಾಲಿಸಿ ಜಾಸ್ತಿ ದುಡ್ಡು ಕೊಟ್ಟವನಿಗೆ ಏನು ಸಿಕ್ಕಿತು, ಅಲ್ವಾ?

2024ರ ಅಕ್ಟೋಬರ್‌ನಿಂದ ಬೆಂಗಳೂರಿನಲ್ಲಿ ಆಸ್ತಿ ನೋಂದಣಿಗೆ ಇ-ಖಾತಾ, ಅಂದರೆ ಕಂಪ್ಯೂಟರಿನಲ್ಲಿರುವ ಖಾತೆ ಕಡ್ಡಾಯವಾಯಿತು. 2025ರಲ್ಲಿ ಬಿಬಿಎಂಪಿ ಹೋಗಿ ಗ್ರೇಟರ್ ಬೆಂಗಳೂರು ಪ್ರಾಧಿಕಾರ, ಅದರಡಿ ಐದು ಪಾಲಿಕೆಗಳು ಬಂದವು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಬಿ ಖಾತಾ ಸೈಟುಗಳನ್ನು ಎ ಖಾತಾ ಮಾಡುವ ಯೋಜನೆ ಘೋಷಣೆಯಾಯಿತು. ಶುಲ್ಕ ಮಾರ್ಗಸೂಚಿ ದರದ (ನೋಂದಣಿಗೆ ಸರ್ಕಾರ ಗೊತ್ತುಮಾಡಿದ ಬೆಲೆ) 5 ಪರ್ಸೆಂಟ್ ಅಂದರು.

ಈ ಶುಲ್ಕ ಕಟ್ಟುವವನು ಕೊನೆಗೆ ಕೊಂಡವನು. ಹನ್ನೊಂದು ಸೈಟು ಹೆಚ್ಚಿಗೆ ಮಾರಿದವನಾಗಲಿ, ಅಧಿಕಾರ ಇಲ್ಲದೆ ಖಾತೆ ಮಾಡಿಕೊಟ್ಟವರಾಗಲಿ ಅಲ್ಲ. ನನಗೆ ಇದು ದೊಡ್ಡ ಅನ್ಯಾಯ ಅನಿಸುತ್ತದೆ. ಕಾಗದ ಸರಿಹೋದರೂ 20 ಅಡಿ ರಸ್ತೆ 30 ಅಡಿ ಆಗುವುದಿಲ್ಲ, ಬಿಡದ ಪಾರ್ಕು ಹುಟ್ಟುವುದಿಲ್ಲ. ಕನಿಷ್ಠ ಒಂದು ಕೆಲಸ ಆಗಬಹುದು: ಬಡಾವಣೆಯಿಂದ ಬಂದ ದುಡ್ಡನ್ನು ಆ ಬಡಾವಣೆಯ ಚರಂಡಿ, ನೀರಿನ ಪೈಪಿಗೇ ಹಾಕಿ, ಎಷ್ಟು ಬಂತು, ಎಲ್ಲಿ ಖರ್ಚಾಯಿತು ಅಂತ ವಾರ್ಡ್ ಕಚೇರಿಯ ಗೋಡೆಯ ಮೇಲೆ ಬರೆಸುವುದು.