ಜೋರು ಮಾಡಿದರೆ ಪಿಯಾನೊ ಚೆನ್ನಾಗಾಗುತ್ತಾ?

ಇಂಗ್ಲೆಂಡಿನ ಸಂಗೀತಗಾರ ಜೋ ಜಾಕ್ಸನ್ ಅವರ 1982ರ ಆಲ್ಬಮ್ ‘ನೈಟ್ ಅಂಡ್ ಡೇ’ಯಲ್ಲಿ ಗಿಟಾರ್ ಹುಡುಕಬೇಡಿ. ರಾಕ್ ಆಲ್ಬಮ್ ಆದರೂ ಅಲ್ಲಿ ಪಿಯಾನೊದ್ದೇ ಕಾರುಬಾರು. ‘ಸ್ಟೆಪಿನ್ ಔಟ್’ ಹಾಡು ಅಮೆರಿಕದ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ 6ನೇ ಸ್ಥಾನಕ್ಕೆ ಏರಿದ್ದೂ ಹಾಗೆಯೇ. 2003ರಲ್ಲಿ ಈ ಆಲ್ಬಮ್‌ನ ರೀಮಾಸ್ಟರ್, ಅಂದರೆ ಹಳೆಯ ಧ್ವನಿಮುದ್ರಣವನ್ನೇ ಹೊಸದಾಗಿ ಹದಗೊಳಿಸಿದ ಆವೃತ್ತಿ, ಬಂತು.

ಎಂಬತ್ತರ ದಶಕದ ಯಾವ ಆಲ್ಬಮ್ ರೀಮಾಸ್ಟರ್ ಆಗಿ ಬಂದರೂ ಜನ ಹೇಳುವುದು ಒಂದೇ ಮಾತು: ‘ಎಷ್ಟು ಸ್ಪಷ್ಟವಾಗಿದೆ!’ ನನಗೆ ತಾಳ್ಮೆ ತಪ್ಪುವುದು ಇಲ್ಲೇ. ಬಹಳ ಸಲ ಅದು ಸ್ಪಷ್ಟ ಅಲ್ಲ, ಜೋರು ಅಷ್ಟೇ. ಸದ್ದು ಸಣ್ಣದಿದ್ದಾಗ ನಮ್ಮ ಕಿವಿಗೆ ತಗ್ಗಿನ ಸ್ವರಗಳು ಸರಿಯಾಗಿ ಮುಟ್ಟುವುದಿಲ್ಲ. ಫ್ಲೆಚರ್ ಮತ್ತು ಮನ್ಸನ್ ಎಂಬ ವಿಜ್ಞಾನಿಗಳು ಇದನ್ನು 1933ರಲ್ಲೇ ಅಳೆದು ತೋರಿಸಿದ್ದರು. ವಾಲ್ಯೂಮ್ ಏರಿಸಿದರೆ ಅದೇ ಹಾಡು ತುಂಬಿಕೊಂಡ ಹಾಗೆ ಕೇಳುತ್ತದೆ.

ರೀಮಾಸ್ಟರ್‌ನಲ್ಲಿ ಹೀಗೆ ಜೋರು ಮಾಡುವಾಗ ಜಾಸ್ತಿ ಪೆಟ್ಟು ತಿನ್ನುವುದು ಪಿಯಾನೊ. ಅದರ ಹೆಚ್ಚಿನ ಸ್ವರಗಳಿಗೆ ಮೂರು ಮೂರು ತಂತಿಗಳಿರುತ್ತವೆ. ಸುತ್ತಿಗೆ ಬಡಿದಾಗ ಮೂರೂ ಒಟ್ಟಿಗೆ ಕಂಪಿಸಿ, ಮರದ ಹಲಗೆಗೆ ಶಕ್ತಿಯನ್ನು ಗಬಗಬ ಸುರಿಯುತ್ತವೆ. ಆಗ ‘ಠಣ್’ ಅನ್ನುವ ಮೊದಲ ಏಟು. ಆದರೆ ಮೂರರ ಶ್ರುತಿ ಕೂದಲೆಳೆಯಷ್ಟು ಬೇರೆ. ಸ್ವಲ್ಪ ಹೊತ್ತಿಗೆ ಅವುಗಳ ಹೆಜ್ಜೆ ತಪ್ಪುತ್ತದೆ, ಒಂದು ಎಳೆದರೆ ಇನ್ನೊಂದು ತಳ್ಳುತ್ತದೆ. ಹಲಗೆಗೆ ಹೋಗುವ ಶಕ್ತಿ ಕಮ್ಮಿಯಾಗುತ್ತದೆ. ಉಳಿದದ್ದು ನಿಧಾನವಾಗಿ ಖರ್ಚಾಗುತ್ತಾ ಉದ್ದದ ಅನುರಣನವಾಗುತ್ತದೆ. ಭೌತವಿಜ್ಞಾನಿ ಗೇಬ್ರಿಯಲ್ ವೈನ್‌ರೈಶ್ 1977ರಲ್ಲಿ ಇದನ್ನು ಬಿಡಿಸಿ ಹೇಳಿದರು. ಶ್ರುತಿ ಅಷ್ಟು ತಪ್ಪಿರುವುದರಿಂದಲೇ ಪಿಯಾನೊ ಹಾಡುತ್ತದೆ, ಚೆಂದ ಅಲ್ವಾ?

ಈಗ ಲಿಮಿಟರ್, ಅಂದರೆ ಸದ್ದು ಒಂದು ಮಿತಿ ಮೀರದಂತೆ ತಡೆಯುವ ಸಾಧನದ ಕೆಲಸ ನೋಡಿ. ಡಿಜಿಟಲ್ ಧ್ವನಿಗೆ ದಾಟಲಾಗದ ಒಂದು ಮೇಲ್ಮಿತಿ ಇದೆ. ತೇರಿನ ಕಳಶ ಕತ್ತರಿಸಿ, ಅಷ್ಟೇ ಎತ್ತರಕ್ಕೆ ಅದರ ಅಡಿಯನ್ನು ಏರಿಸಿದರೆ ಹೇಗೋ ಹಾಗೆ, ಮೊದಲ ಏಟಿನ ತುದಿಯನ್ನು ತಗ್ಗಿಸಿ ಉಳಿದದ್ದನ್ನೆಲ್ಲ ಮೇಲೆತ್ತುತ್ತಾರೆ. ಏಟಿಗೂ ಅನುರಣನಕ್ಕೂ ಇದ್ದ ಅಂತರ ಕುಗ್ಗುತ್ತದೆ. ಅತಿಯಾದರೆ ಸುತ್ತಿಗೆ ಬಡಿದದ್ದೇ ಗೊತ್ತಾಗುವುದಿಲ್ಲ.

ಎಲ್ಲ ರೀಮಾಸ್ಟರ್‌ಗಳೂ ಹೀಗಲ್ಲ. ತೇವ ಹೀರಿ ಅಂಟಂಟಾದ ಹಳೆಯ ಟೇಪನ್ನು ಹದವಾದ ಬಿಸಿಯಲ್ಲಿ ಒಣಗಿಸಿ, ಮೂಲದಿಂದಲೇ ಎತ್ತಿಕೊಳ್ಳುವವರೂ ಇದ್ದಾರೆ. ನಿಮ್ಮ ಬಳಿ ಹಳೆಯ ಆವೃತ್ತಿ, ರೀಮಾಸ್ಟರ್ ಎರಡೂ ಇದ್ದರೆ, ಹೊಸದರ ವಾಲ್ಯೂಮ್ ಇಳಿಸಿ, ಎರಡನ್ನೂ ಒಂದೇ ಮಟ್ಟಕ್ಕೆ ತಂದು ಕೇಳಿ. ಸ್ಪಾಟಿಫೈನಂಥ ಆ್ಯಪ್‌ಗಳು ಈ ಕೆಲಸವನ್ನು ತಾವೇ ಮಾಡುತ್ತವೆ. ಜೋರಾದ ಹಾಡನ್ನು ಸುಮ್ನೆ ಇಳಿಸಿಬಿಡುತ್ತವೆ. ಕತ್ತರಿಸಿದ ಏಟು ಮಾತ್ರ ವಾಪಸ್ ಬರುವುದಿಲ್ಲ.