ರಾಕ್ಸ್‌ಬರೋ: ಗೆದ್ದವರೇ ಕೆಡವಿದ ಕೋಟೆ

ಹಳೇ ಕೋಟೆಗಳ ಸರ್ವೆ ನನ್ನ ಕೆಲಸ. ಕೋಟೆ ಹಾಳಾಗಿದ್ದರೆ ಜನ ಮಳೆಯನ್ನೋ ಗೋಡೆಗೆ ಬೇರುಬಿಟ್ಟ ಮರವನ್ನೋ ದೂರುತ್ತಾರೆ. ಸ್ಕಾಟ್ಲೆಂಡಿನ ರಾಕ್ಸ್‌ಬರೋ ಮಟ್ಟಿಗೆ ಆ ಮಾತು ನಡೆಯುವುದಿಲ್ಲ.

ಕೆಲ್ಸೋ ಪಟ್ಟಣದ ಹತ್ತಿರ ಟ್ವೀಡ್ ಮತ್ತು ಟೀವಿಯಟ್ ನದಿಗಳು ಕೂಡುತ್ತವೆ. ಕೂಡುವ ಮುಂಚೆ ಅವುಗಳ ನಡುವೆ ಉದ್ದನೆಯ ದಿಬ್ಬವೊಂದಿದೆ. ಎರಡೂ ಕಡೆ ನೀರು. ಕೋಟೆಗೆ ಇದಕ್ಕಿಂತ ಒಳ್ಳೆ ಜಾಗ ಬೇಕಾ? 12ನೇ ಶತಮಾನದಲ್ಲಿ ಸ್ಕಾಟ್ಲೆಂಡಿನ ರಾಜ ಒಂದನೇ ಡೇವಿಡ್ ಇದನ್ನು ರಾಜನ ಕೋಟೆ ಮಾಡಿಕೊಂಡ. ಪಕ್ಕದಲ್ಲಿ ಜೋರು ವ್ಯಾಪಾರದ ಪಟ್ಟಣ ಬೆಳೆಯಿತು. 1241ರಲ್ಲಿ, ಮುಂದೆ ಸ್ಕಾಟ್ಲೆಂಡಿನ ರಾಜನಾದ ಮೂರನೇ ಅಲೆಕ್ಸಾಂಡರ್ ಹುಟ್ಟಿದ್ದು ಇಲ್ಲೇ.

ತೊಂದರೆ ಇದ್ದದ್ದು ಗಡಿಯದು. ಇಂಗ್ಲೆಂಡ್ ತೀರಾ ಹತ್ತಿರ. ಕೋಟೆ ಕೈಯಿಂದ ಕೈಗೆ ಹೋಗುತ್ತಲೇ ಇತ್ತು. 1314ರ ಫೆಬ್ರವರಿಯಲ್ಲಿ, ಕೋಟೆ ಇಂಗ್ಲಿಷರ ಕೈಯಲ್ಲಿದ್ದಾಗ, ಸ್ಕಾಟಿಷ್ ಸರದಾರ ಜೇಮ್ಸ್ ಡಗ್ಲಸ್‌ನ ಕಡೆಯವರು ಕತ್ತಲಲ್ಲಿ ಕಪ್ಪು ನಿಲುವಂಗಿ ಹೊದ್ದು, ಅಂಬೆಗಾಲಿಟ್ಟು ಗೋಡೆಯ ಬುಡಕ್ಕೆ ಬಂದರಂತೆ. ಕಾವಲಿನವರು ದನ ಅಂದುಕೊಂಡರು. ಒಳಗೆ ಹಬ್ಬದ ಗದ್ದಲ. ಹಗ್ಗದ ಏಣಿ ಹಾಕಿ ಹತ್ತಿದರು, ಗೆದ್ದರು. ಸ್ಕಾಟ್ಲೆಂಡಿನ ರಾಜ ರಾಬರ್ಟ್ ಬ್ರೂಸ್ ಆಮೇಲೆ ಆ ಕೋಟೆಯನ್ನು ಕೆಡವಿಸಿದ. ಹುಚ್ಚುತನ ಅನ್ನಿಸಬಹುದು, ಅಲ್ವಾ? ಆದರೆ ಗಡಿಯ ಕೋಟೆ ಮತ್ತೆ ಶತ್ರುವಿನ ಪಾಲಾದರೆ, ಅವರನ್ನು ಹೊರಹಾಕಲು ಮತ್ತೆ ತಿಂಗಳುಗಟ್ಟಲೆ ಮುತ್ತಿಗೆ ಹಾಕಬೇಕು. ಅದಕ್ಕಿಂತ ಗೋಡೆ ಉರುಳಿಸುವುದು ಅಗ್ಗ.

ಆದರೂ ಇಂಗ್ಲಿಷರು ಮರಳಿ ಬಂದು ಕಟ್ಟಿಕೊಂಡರು. 1460ರಲ್ಲಿ ಸ್ಕಾಟ್ಲೆಂಡಿನ ರಾಜ ಎರಡನೇ ಜೇಮ್ಸ್ ಫಿರಂಗಿ ಸಮೇತ ಬಂದು ಮುತ್ತಿಗೆ ಹಾಕಿದ. ಫಿರಂಗಿ ಅಂದರೆ ಅವನಿಗೆ ಜಾಸ್ತಿ ಪ್ರೀತಿ. ಆಗಿನ ದೊಡ್ಡ ಫಿರಂಗಿಗಳನ್ನು ಪೀಪಾಯಿಯ ಹಾಗೆ ಮಾಡುತ್ತಿದ್ದರು: ಉದ್ದುದ್ದ ಕಬ್ಬಿಣದ ಪಟ್ಟಿ ಜೋಡಿಸಿ, ಮೇಲೆ ಬಳೆ ಬಿಗಿಯುವುದು. ಒಂದು ಬೆಸುಗೆ ಸಡಿಲವಾದರೂ ಮುಗಿಯಿತು. ಆಗಸ್ಟ್ 3ರಂದು ಹತ್ತಿರವೇ ನಿಂತಿದ್ದ ರಾಜನ ಪಕ್ಕದಲ್ಲಿ ಫಿರಂಗಿಯೊಂದು ಸಿಡಿಯಿತು. ರಾಜ ಸತ್ತ. ಅವನಿಗೆ ಆಗ 29 ವರ್ಷ.

ಅವನ ರಾಣಿ ಮೇರಿ ಮುತ್ತಿಗೆ ಬಿಡಲಿಲ್ಲ. ಕೋಟೆ ಸಿಕ್ಕಿತು. ಪುಟ್ಟ ಮಗನಿಗೆ ಕೆಲ್ಸೋದಲ್ಲಿ ಪಟ್ಟ ಕಟ್ಟಿದರು. ಕೋಟೆಯನ್ನು ಮತ್ತೆ ಕೆಡವಿದರು. 1547ರಲ್ಲಿ ಇಂಗ್ಲಿಷರು ಅದೇ ದಿಬ್ಬದ ಮೇಲೆ ಇನ್ನೊಂದು ಸಣ್ಣ ಕೋಟೆ ಎಬ್ಬಿಸಿದರು. ಒಪ್ಪಂದವಾಗಿ 1550ರಲ್ಲಿ ಅದೂ ಹೋಯಿತು.

ಕೋಟೆಯ ಜೊತೆ ಪಟ್ಟಣವೂ ಅಳಿಯಿತು, ಅದರ ಜಾಗದಲ್ಲಿ ಈಗ ಬರೀ ಹುಲ್ಲು. ರಾಕ್ಸ್‌ಬರೋ ಅನ್ನುವ ಹಳ್ಳಿ ಈಗಲೂ ಇದೆ, ಆದರೆ ಅದು ಬೇರೆ ಜಾಗ. ಹೆಸರು ನಂಬಿ ಅಲ್ಲಿಗೆ ಹೋದರೆ ಕೋಟೆ ಸಿಗುವುದಿಲ್ಲ. ದಿಬ್ಬಕ್ಕೇ ಹೋಗಬೇಕು, ಅದೂ ಒಣ ಬೇಸಿಗೆಯಲ್ಲಿ. ಗೋಡೆ ಹೂತಿರುವ ಕಡೆ ಮಣ್ಣು ತೆಳುವಾಗಿರುತ್ತದೆ, ಅಲ್ಲಿನ ಹುಲ್ಲು ಮೊದಲು ಹಳದಿಯಾಗುತ್ತದೆ. ಸರ್ವೆಯವರು ಮೊದಲು ನೋಡುವುದು ಆ ಗೆರೆಗಳನ್ನೇ.